ಕತ್ತರಿಯ ಹಿಂದಿನ ಕೈ: ಬಹುಮುಖ ಸಂಕಲನಕಾರನಿಗೆ ಸ್ವಂತ ಗುರುತು ಇದೆಯೇ?

ನಮ್ಮ ಪಂಜದ ಕಡೆ ಯಕ್ಷಗಾನದ ಆಟ ನೋಡಿ ಬಂದವರನ್ನು ಮರುದಿನ ಮೊದಲು ಕೇಳುವುದು "ಭಾಗವತಿಕೆ ಯಾರದ್ದು?" ಎಂದು. ಬಣ್ಣದ ವೇಷ ಯಾರದು, ಹಾಸ್ಯ ಯಾರದು ಎನ್ನುವುದೆಲ್ಲ ಆಮೇಲೆ. ಯಾವ ಪದ್ಯ ಹಿಡಿಯಬೇಕು, ಯಾವುದನ್ನು ಬಿಡಬೇಕು, ಅರ್ಥ ಎಲ್ಲಿ ಉದ್ದವಾಗುತ್ತಿದೆ, ಜಾಗಟೆಯ ಒಂದು ಪೆಟ್ಟಿನಿಂದ ಅದನ್ನು ಎಲ್ಲಿಗೆ ಮುಗಿಸಬೇಕು ಎಂಬುದನ್ನೆಲ್ಲ ಕೂತಲ್ಲಿಂದಲೇ ನಿರ್ಧರಿಸುವವರು ಭಾಗವತರು ಎಂಬುದು ಇಲ್ಲಿನ ಮಕ್ಕಳಿಗೂ ಗೊತ್ತು. ಇಡೀ ರಾತ್ರಿಯ ಆಟ ಕಾಲಮಿತಿಗೆ ಇಳಿದ ಮೇಲೆ ಹಿರಿಯರು "ಕಥೆ ಉಂಟು, ಆಟ ಇಲ್ಲ" ಎಂದು ಬೇಸರಪಡುತ್ತಾರಲ್ಲ, ಆ ಬೇಸರ ಸಂಕಲನದ ಬಗೆಗಿನದೇ. ಆದರೆ ಅದೇ ಜನ ಪುತ್ತೂರಿಗೋ ಸುಳ್ಯಕ್ಕೋ ಹೋಗಿ ಸಿನಿಮಾ ನೋಡಿ ಬಂದರೆ, ಅದನ್ನು ಕತ್ತರಿಸಿ ಜೋಡಿಸಿದವರು ಯಾರೆಂದು ಕೇಳುವವರಿಲ್ಲ. ಪರದೆಯ ಮೇಲೆ ಆ ಹೆಸರು ಬಂದೇ ಬರುತ್ತದೆ. ಕಣ್ಣು ಅಲ್ಲಿ ನಿಲ್ಲುವುದಿಲ್ಲ.

ನನ್ನ ಕಣ್ಣು ಹಾಗೆ ನಿಂತದ್ದು ಪಿ. ಭಕ್ತವತ್ಸಲಂ ಎಂಬ ಹೆಸರಿನ ಮೇಲೆ. 1972ರ 'ಬಂಗಾರದ ಮನುಷ್ಯ'ದ ಸಂಕಲನ ಅವರದು. ಮರುವರ್ಷ ಬಂದ ಗಿರೀಶ ಕಾರ್ನಾಡರ 'ಕಾಡು' ಅವರದು. 1975ರ ಬಿ.ವಿ. ಕಾರಂತರ 'ಚೋಮನ ದುಡಿ'ಯೂ ಅವರದೇ. ರಾಜಕುಮಾರ್ ಪರದೆಗೆ ಬಂದರೆ ಶಿಳ್ಳೆ ಬೀಳುವ ಸಿನಿಮಾ ಒಂದು. ಒಬ್ಬ ಹುಡುಗನ ಬೆದರಿದ ಕಣ್ಣಿನಿಂದ ಊರಿನ ಹಗೆಯನ್ನು ನೋಡುವ ಸಿನಿಮಾ ಇನ್ನೊಂದು. ಭೂಮಿಯಿಲ್ಲದ ಮುದುಕನ ಸಂಕಟವನ್ನು ಒಂದು ವಾದ್ಯದ ಸದ್ದಿಗೆ ಕಟ್ಟಿಹಾಕಿದ ಸಿನಿಮಾ ಮತ್ತೊಂದು. ಮೂರನ್ನೂ ಒಂದೇ ಕೈ ಕತ್ತರಿಸಿದೆ ಎಂದರೆ, ಆ ಕೈಗೆ ತನ್ನದೇ ಆದ ಬರವಣಿಗೆ ಇತ್ತೇ? ಅಥವಾ ಯಾರು ಹೇಳಿದರೆ ಅವರ ಅಕ್ಷರದಲ್ಲಿ ಬರೆದುಕೊಡುವ ಕೌಶಲವಷ್ಟೇ ಇತ್ತೇ?

ಸಿನಿಮಾದ ಬಗ್ಗೆ ಯೋಚಿಸುವವರು ನೂರು ವರ್ಷದಿಂದ ಈ ಪ್ರಶ್ನೆಯನ್ನು ಬೇರೆ ಬೇರೆ ಮಾತುಗಳಲ್ಲಿ ಕೇಳುತ್ತ ಬಂದಿದ್ದಾರೆ. ಕನ್ನಡದಲ್ಲಿ ಅದನ್ನು ಕೇಳಿದ್ದು ಕಡಿಮೆ. ನಿರ್ದೇಶಕರ ಬಗ್ಗೆ, ನಟರ ಬಗ್ಗೆ, ಹಾಡುಗಳ ಬಗ್ಗೆ ನಮ್ಮಲ್ಲಿ ಪುಸ್ತಕಗಳಿವೆ. ಸಂಕಲನಕಾರರಿಗೆ ಸಿಕ್ಕಿದ್ದು ಹೆಚ್ಚೆಂದರೆ ಒಂದೆರಡು ಸಾಲು.

ಮೇಜಿನ ಮೇಲೆ ಏನಾಗುತ್ತಿತ್ತು

ಮೊದಮೊದಲು ಸಂಕಲನಕಾರ ಎಂಬ ಬೇರೆ ಮನುಷ್ಯನೇ ಇರಲಿಲ್ಲ. ನಮ್ಮ ಪುತ್ತೂರಿನಲ್ಲಿ ನೆಲೆ ನಿಂತ ಶಿವರಾಮ ಕಾರಂತರು 1930ರ ಸುಮಾರಿಗೆ 'ಡೊಮಿಂಗೊ', 'ಭೂತರಾಜ್ಯ' ಎಂಬ ಮೂಕಚಿತ್ರಗಳಿಗೆ ಕೈಹಾಕಿದ್ದರು. ಸಿನಿಮಾದ ಕೆಲಸಗಳು ಇನ್ನೂ ಹತ್ತು ಹುದ್ದೆಗಳಾಗಿ ಒಡೆಯದಿದ್ದ ಕಾಲ ಅದು. 1934ರಲ್ಲಿ 'ಸತಿ ಸುಲೋಚನ' ಮಾತಾಡಿತು. ಸದ್ದು ಬಂದ ಮೇಲೆ ಚಿತ್ರದ ಪಟ್ಟಿಯನ್ನೂ ಧ್ವನಿಯ ಪಟ್ಟಿಯನ್ನೂ ಹೊಂದಿಸುವುದಕ್ಕೆ ಪೂರಾ ಒಬ್ಬನ ಕೈಯೇ ಬೇಕಾಯಿತು. ಆ ಕೈಗಳು ಬಹುಕಾಲ ಮದರಾಸಿನಲ್ಲಿದ್ದವು. ಕರ್ನಾಟಕದೊಳಗೆ ಚಿತ್ರ ಮಾಡಿದರೆ ಸರ್ಕಾರದ ಸಹಾಯಧನ ಸಿಗುವಂತಾದ ಮೇಲೆ ಚಿತ್ರೀಕರಣ ಇತ್ತ ಬಂತು. ಲ್ಯಾಬು, ಸಂಕಲನದ ಮೇಜು ಮಾತ್ರ ಎಷ್ಟೋ ವರ್ಷ ಅಲ್ಲಿಯೇ ಉಳಿದವು.

ಆ ಮೇಜಿನ ಕೆಲಸವನ್ನು ಒಮ್ಮೆ ಹತ್ತಿರದಿಂದ ನೋಡಬೇಕು. 35 ಎಂ.ಎಂ. ಫಿಲ್ಮಿನ ಒಂದು ಅಡಿಗೆ 16 ಫ್ರೇಮು. ಸೆಕೆಂಡಿಗೆ 24 ಫ್ರೇಮು ಓಡುತ್ತದೆ. ಅಂದರೆ ಸೆಕೆಂಡಿಗೆ ಒಂದೂವರೆ ಅಡಿ, ನಿಮಿಷಕ್ಕೆ 90 ಅಡಿ. ಎರಡೂವರೆ ಗಂಟೆಯ ಸಿನಿಮಾ 13,500 ಅಡಿ ಆಗುತ್ತದೆ. ತೆಗೆದದ್ದು ಅದರ ಹಲವು ಪಟ್ಟು ಇರುತ್ತದೆ. ಶಾಟುಗಳ ತುಂಡುಗಳನ್ನು ಮೊಳೆಗಳಿಗೆ ತೂಗುಹಾಕಿ, ತುದಿ ನೆಲಕ್ಕೆ ತಾಗಿ ಗೀರು ಬೀಳದಂತೆ ಕೆಳಗೆ ಬಟ್ಟೆ ಹೊದಿಸಿದ ತೊಟ್ಟಿ ಇಡುತ್ತಿದ್ದರು. ಮೂವಿಯೋಲಾದಲ್ಲಿ, ಆಮೇಲೆ ಸ್ಟೀನ್‌ಬೆಕ್‌ನಲ್ಲಿ ಓಡಿಸಿ ನೋಡುವುದು, ಬಣ್ಣದ ಮೇಣದ ಪೆನ್ಸಿಲಿನಿಂದ ಗುರುತು ಹಾಕುವುದು, ಕತ್ತರಿಸಿ ಅಂಟಿಸುವುದು. ಮನಸ್ಸು ಬದಲಾಯಿತೋ, ಬಿಚ್ಚಿ ಮತ್ತೆ ಅಂಟಿಸಬೇಕು. ಬೇಡವೆಂದು ತೆಗೆದ ನಾಲ್ಕು ಫ್ರೇಮು ಮತ್ತೆ ಬೇಕಾದರೆ ಸಹಾಯಕ ತೊಟ್ಟಿಯೊಳಗೆ ಕೈಹಾಕಿ ಅಂಚಿನ ನಂಬರು ನೋಡಿ ಹುಡುಕಿ ಕೊಡಬೇಕು. ಒಂದೊಂದು ಕಟ್ಟಿಗೂ ಇಷ್ಟು ಮೈದುಡಿಮೆ ಇದ್ದ ಕಾರಣ, ಕತ್ತರಿ ಹಾಕುವ ಮೊದಲೇ ಸಿನಿಮಾವನ್ನು ತಲೆಯೊಳಗೆ ಓಡಿಸಿ ನೋಡುವ ಅಭ್ಯಾಸ ಆ ತಲೆಮಾರಿನವರಿಗೆ ಬಂದಿತ್ತು. ಬಹುಮುಖತೆಯ ಪಾಠವೂ ಅಲ್ಲೇ ಆಗುತ್ತಿತ್ತು. ಸಹಾಯಕನಾಗಿ ಸೇರಿದ ಹುಡುಗನ ಮುಂದೆ ಈ ವಾರ ಪೌರಾಣಿಕ, ಮುಂದಿನ ವಾರ ಸಾಂಸಾರಿಕ, ಅದರಾಚೆ ಹೊಡೆದಾಟದ ಸಿನಿಮಾ. ಯಾವುದು ಬೇಕು ಎಂದು ಅವನನ್ನು ಕೇಳುವವರಿರಲಿಲ್ಲ.

ಕಾಣದಿರುವುದೇ ಗುಣ ಎನ್ನುವವರು

ಮೊದಲ ಪಂಥದ ವಾದ ಸರಳ. ಒಳ್ಳೆಯ ಸಂಕಲನ ಕಣ್ಣಿಗೆ ಬೀಳಬಾರದು. ಒಬ್ಬ ತಿರುಗಿ ನೋಡುವಾಗ ಕತ್ತರಿಸಿದರೆ ನಮ್ಮ ಕಣ್ಣು ಅವನ ನೋಟದ ಬೆನ್ನಿಗೆ ಹೋಗುತ್ತದೆ, ಕತ್ತರಿಸಿದ್ದು ತಿಳಿಯುವುದಿಲ್ಲ. ಬಾಗಿಲು ತೆರೆಯುವ ಕೈಯ ಚಲನೆಯ ನಡುವೆ ಕತ್ತರಿಸಿದರೆ ಚಲನೆಯೇ ಜೋಡಣೆಯನ್ನು ಮುಚ್ಚುತ್ತದೆ. ಹಾಲಿವುಡ್ಡಿನ ಸ್ಟುಡಿಯೋಗಳು ಈ ವಿದ್ಯೆಯನ್ನು ನಿಯಮ ಮಾಡಿದವು, ಮದರಾಸಿನ ಸ್ಟುಡಿಯೋಗಳು ಅದನ್ನು ಕಲಿತುಕೊಂಡವು.

ಈ ಪಂಥದವರ ಪ್ರಕಾರ ಬಹುಮುಖ ಸಂಕಲನಕಾರನ ಗುರುತನ್ನು ಹುಡುಕುವುದೇ ತಪ್ಪು. ಗುರುತು ಸಿಗದಿದ್ದರೆ ಅದೇ ಅವನ ಗೆಲುವು. 'ಬಂಗಾರದ ಮನುಷ್ಯ'ಕ್ಕೆ ಈ ಮಾತು ಚೆನ್ನಾಗಿ ಒಪ್ಪುತ್ತದೆ. ರಾಜೀವ ಬಂಡೆ ಒಡೆದು ಭೂಮಿಯನ್ನು ಹಸನು ಮಾಡುವ ಕಥೆಯಲ್ಲಿ ನಾವು ಅವನ ಜೊತೆ ನಡೆಯುತ್ತೇವೆಯೇ ಹೊರತು ಎಲ್ಲಿ ಕತ್ತರಿ ಬಿತ್ತೆಂದು ಎಣಿಸುವುದಿಲ್ಲ. ತಾರೆಯ ಸಿನಿಮಾದಲ್ಲಿ ಇನ್ನೊಂದು ಸೂಕ್ಷ್ಮವಿದೆ. ಟಾಕೀಸಿನಲ್ಲಿ ಶಿಳ್ಳೆ ಬೀಳುವ ಹೊತ್ತಿಗೆ ಮುಖ್ಯವಾದ ಮಾತು ಬರಬಾರದು, ಆ ಗದ್ದಲ ಇಳಿಯುವಷ್ಟು ಜಾಗ ಬಿಡಬೇಕು. ಪ್ರೇಕ್ಷಕರ ಉಸಿರನ್ನು ದೂರದ ಕೋಣೆಯಲ್ಲಿ ಕೂತು ಎಣಿಸುವ ಕೆಲಸ ಇದು.

ಈ ವಾದದಲ್ಲಿ ನನಗೆ ಕಾಣುವ ಕೊರತೆ ಒಂದೇ. ಕಾಣದ ಕೈಗಳಲ್ಲಿ ಒಳ್ಳೆಯದು ಯಾವುದು, ಸಾಧಾರಣ ಯಾವುದು ಎಂದು ಹೇಳಲು ಅದರ ಬಳಿ ಅಳತೆಯಿಲ್ಲ. ಎರಡೂ ಕಾಣುವುದಿಲ್ಲವಲ್ಲ.

ಎರಡು ಚಿತ್ರ ತಾಗಿದಾಗ

ರಷ್ಯಾದವರು ಇದಕ್ಕೆ ತದ್ವಿರುದ್ಧ ದಾರಿ ಹಿಡಿದರು. ಕುಲೆಶೋವ್ ಮಾಡಿದ ಪ್ರಯೋಗ ಸಿನಿಮಾ ಕಲಿಯುವವರಿಗೆಲ್ಲ ಗೊತ್ತು: ಒಬ್ಬ ನಟನ ಅದೇ ಮುಖದ ಪಕ್ಕ ಒಮ್ಮೆ ಸೂಪಿನ ತಟ್ಟೆ, ಒಮ್ಮೆ ಶವಪೆಟ್ಟಿಗೆ ಇಟ್ಟು ತೋರಿಸಿದರೆ, ನೋಡುವವರಿಗೆ ಒಮ್ಮೆ ಹಸಿವು, ಒಮ್ಮೆ ದುಃಖ ಕಾಣುತ್ತದೆ. ಅರ್ಥ ಇರುವುದು ಚಿತ್ರದ ಒಳಗಲ್ಲ, ಎರಡು ಚಿತ್ರ ತಾಗುವ ಜಾಗದಲ್ಲಿ ಎಂದು ಐಸೆನ್‌ಸ್ಟೈನ್ ಇದನ್ನು ಇನ್ನೂ ಮುಂದಕ್ಕೆ ಒಯ್ದ. 1925ರ 'ಬ್ಯಾಟಲ್‌ಶಿಪ್ ಪೊಟೆಮ್ಕಿನ್'ನ ಒಡೆಸ್ಸಾ ಮೆಟ್ಟಿಲುಗಳ ದೃಶ್ಯ ಈ ನಂಬಿಕೆಯ ಸ್ಮಾರಕ.

ನಮ್ಮವರಲ್ಲಿ ಈ ವಿದ್ಯೆಯನ್ನು ಜನಪ್ರಿಯ ಸಿನಿಮಾದ ಒಡಲೊಳಗೆ ಇಳಿಸಿದವರ ಸಾಲಿನಲ್ಲಿ ಸುರೇಶ್ ಅರಸು ಅವರ ಹೆಸರು ಬರುತ್ತದೆ. ಮಣಿರತ್ನಂ ಅವರ 'ರೋಜಾ'ದಲ್ಲಿ (1992) ಸೆರೆಯಲ್ಲಿರುವ ನಾಯಕ ಉರಿಯುವ ಧ್ವಜದ ಮೇಲೆ ಮೈಚೆಲ್ಲುವ ದೃಶ್ಯವನ್ನು ಮತ್ತೆ ನೋಡಿ. ಬೆಂಕಿ, ನೆಲದ ಮೇಲೆ ಹೊರಳುವ ದೇಹ, ಅದೇ ಹೊತ್ತಿಗೆ ಪ್ರಾರ್ಥನೆಯಲ್ಲಿ ಮುಳುಗಿರುವ ಇನ್ನೊಬ್ಬ. ಈ ತುಂಡುಗಳು ಒಂದಕ್ಕೊಂದು ತಾಗುವ ಕಾರಣಕ್ಕೇ ಆ ದೃಶ್ಯದ ಬಗ್ಗೆ ಇಂದಿಗೂ ಜಗಳ ನಡೆಯುತ್ತದೆ. ಅದು ದೇಶಪ್ರೇಮವನ್ನು ಕೆರಳಿಸಿತು ಎನ್ನುವವರೂ, ಒಂದು ಸಮುದಾಯವನ್ನು ಒಂದೇ ಬಣ್ಣದಲ್ಲಿ ತೋರಿಸಿತು ಎನ್ನುವವರೂ ಬೆರಳು ತೋರಿಸುವುದು ಆ ಜೋಡಣೆಯತ್ತಲೇ. ಜೋಡಣೆಗೆ ಅಷ್ಟು ಹೊಣೆ ಇದ್ದರೆ ಜೋಡಿಸಿದವರಿಗೂ ಒಂದು ಪಾಲು ಇರಬೇಕಲ್ಲವೇ? 1995ರ 'ಬಾಂಬೆ'ಗಾಗಿ ಸುರೇಶ್ ಅರಸು ಅವರಿಗೆ ಶ್ರೇಷ್ಠ ಸಂಕಲನದ ರಾಷ್ಟ್ರಪ್ರಶಸ್ತಿ ಬಂತು. ಕನ್ನಡ ಸಿನಿಮಾಕ್ಕಾಗಿಯೇ ಅದೇ ಪ್ರಶಸ್ತಿ 'ನಾತಿಚರಾಮಿ'ಯ ಸಂಕಲನಕ್ಕೆ, ನಾಗೇಂದ್ರ ಕೆ. ಉಜ್ಜನಿ ಅವರಿಗೆ ಬಂದದ್ದು 2018ರ ಸಾಲಿನಲ್ಲಿ.

ಆದರೆ ಸುರೇಶ್ ಅರಸು ಅವರ ವೃತ್ತಿಯನ್ನು ಪೂರ್ತಿ ನೋಡಿದರೆ ಚಿತ್ರಕ್ಕೆ ಚಿತ್ರ ತಾಗಿಸುವ ಈ ಸಿದ್ಧಾಂತ ಸಾಕಾಗುವುದಿಲ್ಲ. 'ಬಾಂಬೆ'ಯ ಎರಡು ವರ್ಷದ ಮೇಲೆ ಅವರು ನಾಗಾಭರಣರ 'ನಾಗಮಂಡಲ'ವನ್ನು ಸಂಕಲಿಸಿದರು. ಅಲ್ಲಿ ಒಬ್ಬನೇ ನಟ ಗಂಡನೂ ಹೌದು, ಹಾವೂ ಹೌದು. ರಾತ್ರಿ ಬಂದವನು ಯಾರೆಂದು ನಾಯಕಿ ರಾಣಿಗೆ ತಿಳಿಯಬಾರದು, ನಮಗೆ ತಿಳಿಯಬೇಕು. ಅಲ್ಲಿ ಚಿತ್ರಕ್ಕೆ ಚಿತ್ರ ತಾಗಿಸಿದರೆ ಕಥೆ ಒಡೆಯುತ್ತದೆ. ಒಂದರೊಳಗೆ ಇನ್ನೊಂದು ಜಾರಬೇಕು. ಮುಂದೆ ಬಾಲಾ ಅವರ 'ಪಿತಾಮಗನ್' (2003), 'ನಾನ್ ಕಡವುಳ್' (2009) ಬಂದವು. ಸ್ಮಶಾನದಲ್ಲಿ ಬೆಳೆದವನು, ಅಘೋರಿ, ಭಿಕ್ಷೆಗೆ ತಳ್ಳಲ್ಪಟ್ಟವರು ತುಂಬಿದ ಆ ಲೋಕದ ಒರಟು ಲಯ 'ರೋಜಾ'ದ ನಯಕ್ಕೆ ಯಾವ ಸಂಬಂಧವನ್ನೂ ತೋರಿಸುವುದಿಲ್ಲ. ಭಾಷೆ ಬದಲಾಯಿತು, ನಿರ್ದೇಶಕರು ಬದಲಾದರು, ಕಾಲ ಬದಲಾಯಿತು. ಹೆಸರು ಒಂದೇ.

ಲಯದ ಪಂಥ

ಮೂರನೆಯ ನೋಟ ನನಗೆ ಹೆಚ್ಚು ಹತ್ತಿರದ್ದು, ಆದ್ದರಿಂದ ಇಲ್ಲಿ ಸ್ವಲ್ಪ ನಿಲ್ಲುತ್ತೇನೆ.

ಅಮೆರಿಕದ ವಾಲ್ಟರ್ ಮರ್ಚ್ ಒಂದು ಕಟ್ಟು ಸರಿಯೋ ತಪ್ಪೋ ಎಂದು ನೋಡಲು ಆರು ಅಳತೆಗಳನ್ನು ಹೇಳಿದರು, ಒಂದೊಂದಕ್ಕೂ ತೂಕ ಕೊಟ್ಟರು. ಭಾವಕ್ಕೆ ನೂರರಲ್ಲಿ 51, ಕಥೆಗೆ 23, ಲಯಕ್ಕೆ 10. ಕಣ್ಣಿನ ಚಲನೆ ಮತ್ತು ಜಾಗದ ಹೊಂದಾಣಿಕೆಯ ನಿಯಮಗಳಿಗೆ ಉಳಿದದ್ದು ಅಷ್ಟೋ ಇಷ್ಟೋ. ಹಳೆಯ ಪಾಠಗಳು ಎಲ್ಲಕ್ಕಿಂತ ಮೊದಲು ಕಲಿಸುತ್ತಿದ್ದ ಸ್ಥಳದ ಜೋಡಣೆಗೆ ಅವರು ಕೊಟ್ಟದ್ದು ಬರಿಯ 4. ಮನುಷ್ಯ ಒಂದು ಯೋಚನೆ ಮುಗಿದಾಗ ಕಣ್ಣು ಮಿಟುಕಿಸುತ್ತಾನೆ, ಕಟ್ಟು ಬೀಳಬೇಕಾದ್ದೂ ಅಲ್ಲಿಯೇ ಎಂಬುದು ಅವರ ಇನ್ನೊಂದು ಮಾತು.

ಈ ತೂಕಗಳನ್ನು ಲೆಕ್ಕವೆಂದು ತಿಳಿಯಬಾರದು. ಭಾವ ಸರಿಯಿದ್ದರೆ ಉಳಿದ ತಪ್ಪನ್ನು ನೋಡುವವನು ಕ್ಷಮಿಸುತ್ತಾನೆ ಎನ್ನುವ ಅನುಭವವನ್ನು ಅಂಕಿಯಲ್ಲಿ ಹೇಳಿದ ರೀತಿ ಅದು. ತಾಳಮದ್ದಳೆ ಕೇಳಿ ಬೆಳೆದ ನಮಗೆ ಇದು ಹೊಸತೇನೂ ಅಲ್ಲ. ಅರ್ಥಧಾರಿ ಮಾತು ಮುಗಿಸುವ ಮೊದಲೇ ಭಾಗವತರು ಪದ್ಯ ಎತ್ತಿಕೊಂಡರೆ ಮನಸ್ಸು ಮುಗ್ಗರಿಸುತ್ತದೆ. ಮಾತು ಮುಗಿದು ಒಂದು ಕ್ಷಣ ಮೌನ ನಿಂತು ಆಮೇಲೆ ಪದ್ಯ ಬಂದರೆ ಅದೇ ಮಾತು ದುಪ್ಪಟ್ಟು ತೂಗುತ್ತದೆ. ಆ ಕ್ಷಣ ಎಷ್ಟು ಉದ್ದ ಎಂದು ಯಾವ ಪ್ರಸಂಗಪುಸ್ತಕದಲ್ಲಿಯೂ ಬರೆದಿಲ್ಲ.

'ಚೋಮನ ದುಡಿ'ಯಲ್ಲಿ ದುಡಿಯ ಸದ್ದು ಇಡೀ ಸಿನಿಮಾದ ಬೆನ್ನೆಲುಬು. ಚೋಮನಿಗೆ ಮಾತು ಕಡಿಮೆ. ಸಿಟ್ಟು, ಸೋಲು, ಕುಡಿತ, ಮಕ್ಕಳ ಸಾವು ಎಲ್ಲವೂ ಬೆರಳುಗಳಿಂದ ಆ ಚರ್ಮಕ್ಕೆ ಹೋಗುತ್ತದೆ. ಕೊನೆಗೆ ಅವನೊಬ್ಬನೇ ಉಳಿದು ಬಾರಿಸತೊಡಗಿದಾಗ ಸಂಕಲನಕಾರನ ಮುಂದೆ ನಿಲ್ಲುವ ಪ್ರಶ್ನೆ ಬಹಳ ನೇರವಾದದ್ದು: ಎಷ್ಟು ಹೊತ್ತು? ಮುಖದ ಮೇಲೆ ಎಷ್ಟು, ಕೈಯ ಮೇಲೆ ಎಷ್ಟು? ಪೆಟ್ಟಿಗೆ ಸರಿಯಾಗಿ ಕತ್ತರಿಸಿದರೆ ಅದು ಹಾಡಿನ ದೃಶ್ಯವಾಗಿಬಿಡುತ್ತದೆ. ಪೆಟ್ಟನ್ನು ಪೂರ್ತಿ ಬಿಟ್ಟು ಕತ್ತರಿಸಿದರೆ ಕಿವಿ ಒಂದು ಕಡೆ, ಕಣ್ಣು ಒಂದು ಕಡೆ ಆಗುತ್ತದೆ. ವಾಸುದೇವ ರಾವ್ ಅವರಿಗೆ ಆ ಪಾತ್ರಕ್ಕೆ ಶ್ರೇಷ್ಠ ನಟ ರಾಷ್ಟ್ರಪ್ರಶಸ್ತಿ ಬಂತು, ಸಿನಿಮಾಕ್ಕೆ ಸ್ವರ್ಣಕಮಲ ಬಂತು. ಆ ನಟನೆಯ ಯಾವ ಕ್ಷಣ ನಮ್ಮವರೆಗೆ ಬರಬೇಕು, ಯಾವ ಕ್ಷಣ ತೊಟ್ಟಿಗೆ ಹೋಗಬೇಕು ಎಂಬುದು ಮೇಜಿನ ಮೇಲೆ ತೀರ್ಮಾನವಾದದ್ದು ಎಂಬುದನ್ನು ನಾವು ನೆನಪಿಡುವುದಿಲ್ಲ.

ಲಯದ ಪಂಥ ಬಹುಮುಖತೆಗೆ ಕೊಡುವ ವಿವರಣೆ ಹೀಗಿದೆ: ಸಂಕಲನಕಾರ ಪ್ರತಿ ಸಿನಿಮಾದಲ್ಲೂ ಬೇರೆ ಶೈಲಿ ತೊಡುತ್ತಾನೆ ಎನ್ನುವುದು ಮೇಲಿನ ನೋಟ. ಒಳಗೆ ಅವನು ಮಾಡುವುದು ಒಂದೇ, ಬಂದ ಸಾಮಗ್ರಿಯ ನಾಡಿ ಹಿಡಿಯುವುದು. 'ಕಾಡು'ವಿನಲ್ಲಿ ಹುಡುಗ ಕಿಟ್ಟಿಯ ನೋಟಕ್ಕೂ ಅವನು ಕಾಣುವುದಕ್ಕೂ ನಡುವೆ ಬಿಟ್ಟ ಅಂತರ, 'ಬಂಗಾರದ ಮನುಷ್ಯ'ದಲ್ಲಿ ಶಿಳ್ಳೆಗೆ ಬಿಟ್ಟ ಅಂತರ, 'ಚೋಮನ ದುಡಿ'ಯಲ್ಲಿ ಎರಡು ಪೆಟ್ಟಿನ ನಡುವಿನ ಅಂತರ, ಇವೆಲ್ಲ ಒಂದೇ ಕಿವಿ ಕೇಳಿದ್ದು ಎಂದು ನಾನು ನಂಬುತ್ತೇನೆ. ನಂಬುತ್ತೇನೆ ಎಂದಷ್ಟೇ ಹೇಳಬಲ್ಲೆ. ಸಾಬೀತು ಮಾಡುವುದು ಬೇರೆ ಮಾತು.

ನಿರ್ದೇಶಕನ ನೆರಳು

ಸಿನಿಮಾ ನಿರ್ದೇಶಕನದು, ಉಳಿದವರು ಅವನ ಕೈಗಳು ಎನ್ನುವವರು ಇದನ್ನು ಒಪ್ಪುವುದಿಲ್ಲ. ಫ್ರಾನ್ಸಿನ ಆಂದ್ರೆ ಬಾಜಾನ್ ಕತ್ತರಿಯ ಆರ್ಭಟವನ್ನೇ ಅನುಮಾನಿಸಿದ. ಉದ್ದನೆಯ ಶಾಟು ಇಟ್ಟು ನೋಡುವವನನ್ನು ನಂಬುವುದೇ ಮೇಲು ಎಂದ. ನಮ್ಮಲ್ಲಿ ಗಿರೀಶ ಕಾಸರವಳ್ಳಿಯವರ ಸಿನಿಮಾಗಳ ನಿಧಾನವನ್ನು ಮೆಚ್ಚುವವರು ಈ ಹಾದಿಯಲ್ಲಿಯೇ ಮಾತಾಡುತ್ತಾರೆ. 'ತಬರನ ಕಥೆ' (1986), 'ತಾಯಿ ಸಾಹೇಬ' (1997) ಎರಡನ್ನೂ ಸಂಕಲಿಸಿದವರು ಎಂ.ಎನ್. ಸ್ವಾಮಿ. ಕಚೇರಿಯಿಂದ ಕಚೇರಿಗೆ ಅಲೆಯುವ ತಬರನ ದಣಿವು ನಮ್ಮ ಮೈಗೂ ಹತ್ತುತ್ತದೆ ಎಂದರೆ, ಇನ್ನೂ ಎರಡು ಸೆಕೆಂಡು ತಡೆಯುವ ಧೈರ್ಯ ನಿರ್ದೇಶಕ, ಸಂಕಲನಕಾರ ಇಬ್ಬರಿಗೂ ಇತ್ತು ಎಂದೇ ಅರ್ಥ. ಸತ್ಯಜಿತ್ ರಾಯ್ ಅವರಿಗೆ ದುಲಾಲ್ ದತ್ತ ಇದ್ದರು. ಸ್ಕಾರ್ಸೆಸೆಗೆ ಥೆಲ್ಮಾ ಸ್ಕೂನ್‌ಮೇಕರ್ ಇದ್ದಾರೆ. ಇಂಥ ಜೋಡಿಗಳಲ್ಲಿ ಯಾವುದು ಯಾರದು ಎಂದು ಬಿಡಿಸುವುದು ನಾಲ್ವತ್ತು ವರ್ಷ ಒಟ್ಟಿಗೆ ಸಂಸಾರ ಮಾಡಿದವರ ಅಡಿಗೆಯ ಹದ ಯಾರದೆಂದು ಕೇಳಿದಂತೆ.

ಉಪೇಂದ್ರರ 'ಎ' (1998) ಕಾಲವನ್ನು ಹಿಂದುಮುಂದಾಗಿ ಕತ್ತರಿಸಿ ಜೋಡಿಸಿದ ಸಿನಿಮಾ. ನಮ್ಮೂರಿನ ಹುಡುಗರು ಅದನ್ನು ಬಿಡಿಸಿಕೊಳ್ಳಲು ಎರಡೆರಡು ಸಲ ನೋಡಿದರು. ಅದರ ಹೆಗ್ಗಳಿಕೆಯೆಲ್ಲ ಉಪೇಂದ್ರರಿಗೇ ಸಂದಿತು. ಜೋಡಣೆಯೇ ಕಥೆಯಾಗಿರುವ ಸಿನಿಮಾದಲ್ಲೂ ಜೋಡಿಸಿದವರ ಹೆಸರು ಬಾಯಿಗೆ ಬರಲಿಲ್ಲ. ಚಿತ್ರಕಥೆಯಲ್ಲೇ ಹಾಗಿತ್ತು ಎಂಬ ಉತ್ತರವಿದೆ, ಅದರಲ್ಲಿ ಸತ್ಯವೂ ಇದೆ.

ಈ ಜಗಳವನ್ನು ಸ್ವಲ್ಪವಾದರೂ ಅಳೆದು ನೋಡಲು ಒಂದು ದಾರಿ ಮಣಿರತ್ನಂ ಅವರ ಸಿನಿಮಾಗಳಲ್ಲಿ ತಾನಾಗಿ ಸಿಕ್ಕಿದೆ. ಅವರ ಮೊದಲ ಸಿನಿಮಾ ಕನ್ನಡದ 'ಪಲ್ಲವಿ ಅನುಪಲ್ಲವಿ' (1983), ಸಂಕಲನ ಬಿ. ಲೆನಿನ್. 'ನಾಯಗನ್' (1987) ಲೆನಿನ್–ವಿ.ಟಿ. ವಿಜಯನ್ ಜೋಡಿಯದು. 1991ರ 'ದಳಪತಿ'ಯಿಂದ 1998ರ 'ದಿಲ್ ಸೆ'ವರೆಗಿನ ದಾರಿಯಲ್ಲಿ ಸುರೇಶ್ ಅರಸು. 2000ದ 'ಅಲೈಪಾಯುದೇ'ಯಿಂದ ಎ. ಶ್ರೀಕರ್ ಪ್ರಸಾದ್. ನಿರ್ದೇಶಕ ಒಬ್ಬರೇ, ಕತ್ತರಿ ಹಿಡಿದವರು ಮೂರು ಬಗೆ. ನಡುವಿನ ಹಂತದಲ್ಲಿ ಹಾಡುಗಳು ಕಥೆಯ ಹೊರಗಿನ ನೋಟಗಳಿಗೆ ಹಾರಿ ಹಾರಿ ಹೋಗುವ ಬಗೆ, ಹಿಂಸೆಯ ದೃಶ್ಯಗಳು ತುಂಡುತುಂಡಾಗುವ ಬಗೆ ಬೇರೆಯೇ ಎಂದು ನನಗೆ ಕಾಣುತ್ತದೆ. ಆದರೆ ಅದೇ ಹೊತ್ತಿಗೆ ಎ.ಆರ್. ರೆಹಮಾನ್ ಬಂದರು. 'ರೋಜಾ'ಕ್ಕೆ ಸಂತೋಷ್ ಶಿವನ್, 'ಬಾಂಬೆ'ಗೆ ರಾಜೀವ್ ಮೆನನ್ ಕ್ಯಾಮರಾ ಹಿಡಿದರು. ಸಂಗೀತ ಬದಲಾದರೆ ಕಟ್ಟಿನ ಲಯ ಬದಲಾಗದೆ ಇರುತ್ತದೆಯೇ? ಒಂದು ಎಳೆಯನ್ನು ಎಳೆದರೆ ಇಡೀ ಬಟ್ಟೆ ಬರುತ್ತದೆ.

ಮುಂಬಯಿಯ ರೇಣು ಸಲೂಜಾ ಇದೇ ಪ್ರಶ್ನೆಯನ್ನು ಇನ್ನೊಂದು ಕಡೆಯಿಂದ ತೆರೆಯುತ್ತಾರೆ. 'ಜಾನೆ ಭಿ ದೋ ಯಾರೋ'ದ (1983) ನಗೆಯನ್ನೂ 'ಪರಿಂದಾ'ದ (1989) ಕತ್ತಲನ್ನೂ ಕತ್ತರಿಸಿದವರು ಅವರೇ. 2000ದಲ್ಲಿ ತೀರಿಕೊಂಡಾಗ ಅವರ ಜೊತೆ ದುಡಿದವರು ಅವರನ್ನು ಬರಿಯ ತಂತ್ರಜ್ಞೆ ಎಂದು ನೆನೆಯಲಿಲ್ಲ, ಸಿನಿಮಾದ ಒಳಗಿನ ಬುದ್ಧಿ ಎಂದು ನೆನೆದರು. ಕನ್ನಡದಲ್ಲಿ ಅಂಥ ನೆನಪಿನ ಬರಹ ನಾನು ಹುಡುಕಿದಷ್ಟಕ್ಕೆ ಸಿಗಲಿಲ್ಲ.

ದುಡಿಮೆಯ ಕಡೆಯಿಂದ ನೋಡಿದರೆ

ಇನ್ನೊಂದು ಗುಂಪು ಈ ಚರ್ಚೆಯನ್ನೇ ನೆಲಕ್ಕಿಳಿಸುತ್ತದೆ. ಬಹುಮುಖತೆಯನ್ನು ಕಲೆಯ ಗುಣವೆಂದು ಹಾಡಿ ಹೊಗಳುವ ಮೊದಲು ಹೊಟ್ಟೆಪಾಡನ್ನು ನೋಡಿ ಎನ್ನುತ್ತದೆ. ಸಂಕಲನಕಾರನಿಗೆ ಸಂಭಾವನೆ ಸಿನಿಮಾಕ್ಕಿಷ್ಟು ಎಂದು. ಬಂದದ್ದನ್ನು ಒಪ್ಪಿಕೊಳ್ಳದಿದ್ದರೆ ಮೇಜು ಖಾಲಿ. ಕನ್ನಡದಂಥ ಸಣ್ಣ ಮಾರುಕಟ್ಟೆಯಲ್ಲಿ ಒಂದೇ ಬಗೆಯ ಸಿನಿಮಾ ಕತ್ತರಿಸಿ ಬದುಕುವುದು ಕಷ್ಟ. ಆದ್ದರಿಂದ ಜನಪ್ರಿಯ ಸಿನಿಮಾಕ್ಕೂ ಹೊಸ ಅಲೆಗೂ ವಿಮರ್ಶಕರು ಎಳೆದ ಗೆರೆ ಸಂಕಲನದ ಕೋಣೆಯೊಳಗೆ ಯಾವತ್ತೂ ಇರಲಿಲ್ಲ. ಈ ಮಾತಿನಲ್ಲಿ ನನಗೆ ದೊಡ್ಡ ತಿಳಿವು ಕಾಣುತ್ತದೆ. 1970ರ ದಶಕದ ಕನ್ನಡ ಸಿನಿಮಾವನ್ನು ನಾವು ಎರಡು ಲೋಕ ಎಂದು ಬರೆದುಕೊಂಡು ಬಂದಿದ್ದೇವೆ. ಭಕ್ತವತ್ಸಲಂ ಅವರ ಮೇಜಿನಿಂದ ನೋಡಿದರೆ ಅದು ಒಂದೇ ಲೋಕ. 'ಬಂಗಾರದ ಮನುಷ್ಯ'ದಲ್ಲಿ ಕಲಿತದ್ದು 'ಕಾಡು'ವಿಗೆ ಹೋಯಿತೇ, 'ಕಾಡು'ವಿನದು ಮುಂದಿನ ರಾಜಕುಮಾರ್ ಸಿನಿಮಾಕ್ಕೆ ಬಂತೇ ಎಂದು ಯಾರಾದರೂ ಫ್ರೇಮು ಎಣಿಸಿ ನೋಡಬೇಕಾದ ವಿಷಯ.

ಸಿನಿಮಾ ಊರಿಗೆ ಬರುವಾಗ ಬೇರೆ ಕತ್ತರಿಗಳೂ ಬೀಳುತ್ತಿದ್ದವು. ಸೆನ್ಸಾರಿನದು ಒಂದು. ಇನ್ನೊಂದು ಟಾಕೀಸಿನ ಆಪರೇಟರನದು. ಹಳೆಯ ಪ್ರಿಂಟು ತುಂಡಾದರೆ ಆತ ಬ್ಲೇಡಿನಿಂದ ಫಿಲ್ಮಿನ ಮೈ ಕೆರೆದು, ಸಿಮೆಂಟು ಎಂದು ಕರೆಯುವ ಅಂಟು ಹಚ್ಚಿ, ಬೆರಳಿನಿಂದ ಒತ್ತಿ ಹಿಡಿದು ಜೋಡಿಸುತ್ತಿದ್ದ. ಪ್ರತಿ ಸಲವೂ ಒಂದೆರಡು ಫ್ರೇಮು ಹೋಗುತ್ತಿತ್ತು. ಬೆಂಗಳೂರು, ಮಂಗಳೂರು ಸುತ್ತಿ ಕೊನೆಗೆ ಸುಳ್ಯಕ್ಕೋ ಟೂರಿಂಗ್ ಟಾಕೀಸಿಗೋ ಬಂದ ಪ್ರಿಂಟಿನಲ್ಲಿ ನಾಯಕ ಬಾಗಿಲ ಬಳಿ ಇದ್ದವನು ಒಮ್ಮೆಗೇ ಕುರ್ಚಿಯಲ್ಲಿ ಇರುತ್ತಿದ್ದ. ನಮ್ಮ ಹಿರಿಯರು ನೋಡಿದ ಸಿನಿಮಾ, ಸಂಕಲನಕಾರ ಮುಗಿಸಿ ಕೊಟ್ಟ ಸಿನಿಮಾ, ಎರಡೂ ಒಂದೇ ಆಗಿರಲಿಲ್ಲ.

ಯಂತ್ರ ಬದಲಾದ ಮೇಲೆ

1990ರ ದಶಕದಲ್ಲಿ ಕಂಪ್ಯೂಟರು ಬಂತು. ಮರ್ಚ್ 'ದಿ ಇಂಗ್ಲಿಷ್ ಪೇಶಂಟ್'ಗೆ (1996) ಆಸ್ಕರ್ ಪಡೆದದ್ದು ಆವಿಡ್ ಎಂಬ ಕಂಪ್ಯೂಟರ್ ವ್ಯವಸ್ಥೆಯಲ್ಲಿ ಮಾಡಿದ ಸಂಕಲನಕ್ಕೆ. ಬಿಚ್ಚಿ ಅಂಟಿಸುವ ಕಷ್ಟ ಹೋಯಿತು. ಹತ್ತು ಬಗೆಯಲ್ಲಿ ಜೋಡಿಸಿ ಹತ್ತನ್ನೂ ಇಟ್ಟುಕೊಳ್ಳಬಹುದು. ಕಟ್ಟುಗಳ ವೇಗ ಏರಿತು. ಯಂತ್ರವೇ ಶೈಲಿಯನ್ನು ಮಾಡುತ್ತದೆ, ಮನುಷ್ಯನ ಗುರುತು ಅದರಲ್ಲಿ ಕರಗುತ್ತದೆ ಎನ್ನುವವರು ಆಗ ಹುಟ್ಟಿಕೊಂಡರು. ಆ ಕಾಲದ ಕೂಸು ಕಲಬುರಗಿಯ ಉಜ್ವಲ್ ಕುಲಕರ್ಣಿ. ಅಭಿಮಾನಿಯಾಗಿ ಯೂಟ್ಯೂಬಿಗೆ ವಿಡಿಯೋ ಜೋಡಿಸುತ್ತಿದ್ದ ಹುಡುಗ ಇಪ್ಪತ್ತರ ಆಸುಪಾಸಿನಲ್ಲಿ 'ಕೆಜಿಎಫ್ ಚಾಪ್ಟರ್ 2'ರ (2022)  ಸಂಕಲನಕಾರನಾದ. ಹಳೆಯ ಮೇಜಿನ ಸಹಾಯಕನ ಹತ್ತು ವರ್ಷದ ಪಾಠ ಇಲ್ಲದೆಯೇ ಬಂದ ಕೈ ಅದು. ಮುಂದೆ ನಿಧಾನದ, ಮಾತು ಕಡಿಮೆಯ ಸಿನಿಮಾ ಸಿಕ್ಕರೆ ಆ ಕೈ ಏನು ಮಾಡುತ್ತದೆ ಎಂದು ನೋಡಲು ನನಗೆ ನಿಜವಾದ ಆಸೆಯಿದೆ.

ಯಂತ್ರದ ವಾದ ಪೂರ್ತಿ ಸರಿಯಲ್ಲ ಎಂದು ನನಗೆ ಅನಿಸಿದ್ದು ಪಂಜ ಪೇಟೆಯ ಒಂದು ಸಣ್ಣ ಸ್ಟುಡಿಯೋದಲ್ಲಿ. ಅಲ್ಲಿನ ಹುಡುಗ ಮದುವೆ, ಬ್ರಹ್ಮಕಲಶ, ನೇಮ ಎಲ್ಲದರ ವಿಡಿಯೋ ಜೋಡಿಸಿ ಕೊಡುತ್ತಾನೆ. ಬಹುಮುಖನೆಂದರೆ ಅವನೂ ಬಹುಮುಖನೇ. ಆ ದಿನ ಒಂದು ಮದುವೆ ಓಡುತ್ತಿತ್ತು. ಧಾರೆಯ ಹೊತ್ತು. ಮೂರು ಕ್ಯಾಮರಾಗಳ ಚಿತ್ರ ಒಂದರ ಕೆಳಗೆ ಒಂದು ಪಟ್ಟಿಯಾಗಿ ಹರಡಿತ್ತು. ವಾಲಗದ ಪೆಟ್ಟಿಗೆ ಸರಿಯಾಗಿ ಕತ್ತರಿಸುತ್ತ ಬಂದವನು ಮದುಮಗಳ ತಾಯಿಯ ಮುಖ ಬಂದಾಗ ಕೈ ನಿಲ್ಲಿಸಿದ. ಆಕೆ ಮಗಳನ್ನು ನೋಡುತ್ತಿಲ್ಲ. ಬಗ್ಗಿ ಕೆಳಗೆ ಬಿದ್ದ ಹೂವೊಂದನ್ನು ಹೆಕ್ಕುತ್ತಿದ್ದಾಳೆ. ಪೆಟ್ಟು ಬಂತು, ಹೋಯಿತು. ಅವನು ಕತ್ತರಿಸಲಿಲ್ಲ. ಆಕೆ ಹೂವು ಹಿಡಿದು ತಲೆ ಎತ್ತುವವರೆಗೂ ಬಿಟ್ಟು, ಆಮೇಲೆ ಧಾರೆಯ ನೀರಿಗೆ ಹೋದ.

"ಇಲ್ಲಿ ಎಂತಕ್ಕೆ ಬಿಟ್ಟದ್ದು ಮಾರಾಯ? ತಾಳ ತಪ್ಪಿತಲ್ಲ?" ಎಂದೆ.

"ಗೊತ್ತಿಲ್ಲ ಅಣ್ಣ, ಅಲ್ಲಿ ಕಟ್ ಮಾಡ್ಲಿಕ್ಕೆ ಮನಸ್ಸು ಬರ್ಲಿಲ್ಲ" ಎಂದ.

ಮರ್ಚ್‌ನ 51 ಅಂಕ ಇರುವುದು ಅಲ್ಲಿ. ಆ ಹುಡುಗ ಮರ್ಚ್‌ನ ಹೆಸರು ಕೇಳಿರಲಾರ.

ಇನ್ನೂ ಇತ್ಯರ್ಥವಾಗದ್ದು

ಪಂಥಗಳು ಒಂದೊಂದೂ ಒಂದೊಂದು ಸಿನಿಮಾವನ್ನು ಚೆನ್ನಾಗಿ ವಿವರಿಸುತ್ತವೆ. ಇಡೀ ವೃತ್ತಿಜೀವನವೊಂದನ್ನು ಎದುರಿಗಿಟ್ಟರೆ ಎಲ್ಲವೂ ತಡವರಿಸುತ್ತವೆ. ಭಕ್ತವತ್ಸಲಂ ಅವರ ಮೂರು ಸಿನಿಮಾಗಳಲ್ಲಿ ಒಂದೇ ಕಿವಿ ಇದೆ ಎಂಬ ನನ್ನ ನಂಬಿಕೆಯನ್ನು ಪರೀಕ್ಷಿಸಬೇಕಾದರೆ ಮುಗಿದ ಸಿನಿಮಾ ಸಾಲದು. ಅವರ ಕೈಗೆ ಬಂದದ್ದು ಏನು, ಬಿಟ್ಟದ್ದು ಏನು ಎಂದು ನೋಡಬೇಕು. ರಫ್ ಕಟ್ಟು, ಕತ್ತರಿಸಿ ತೆಗೆದ ಟ್ರಿಮ್ಮುಗಳು, ಸಹಾಯಕರ ನೋಟ್‌ಬುಕ್ಕು ಇವೆಲ್ಲ ಸಾಕ್ಷಿ. ಕೆಲಸ ಮುಗಿದ ಮೇಲೆ ಅವನ್ನು ಕಾದಿಡುವ ರೂಢಿ ನಮ್ಮಲ್ಲಿ ಇರಲಿಲ್ಲ. ಶಿವರಾಮ ಕಾರಂತರ ಮೂಕಚಿತ್ರಗಳ ರೀಲುಗಳೇ ಇಂದು ನೋಡಲು ಸಿಗದಿರುವಾಗ ತೊಟ್ಟಿಗೆ ಬಿದ್ದ ತುಂಡುಗಳ ಮಾತೆಲ್ಲಿ? ಹಳೆಯ ಸಹಾಯಕರಲ್ಲಿ ಬದುಕಿರುವವರ ನೆನಪನ್ನಾದರೂ ಈಗಲೇ ಕೂತು ಬರೆದುಕೊಳ್ಳಬೇಕು.

ನಿರ್ದೇಶಕ ಮತ್ತು ಸಂಕಲನಕಾರ ಬಹುಕಾಲ ಜೊತೆಗಿದ್ದಾಗ ಲಯ ಯಾರದೆಂಬುದೂ ತೀರ್ಮಾನವಾಗಿಲ್ಲ. ಮಣಿರತ್ನಂ ಸಿನಿಮಾಗಳಂಥ ಹೋಲಿಕೆ ಕನ್ನಡದ ಒಳಗೇ ಸಾಧ್ಯವಿದೆ, ಯಾರೂ ಮಾಡಿದಂತಿಲ್ಲ. ಹೊಟ್ಟೆಪಾಡಿಗಾಗಿ ಬಂದ ಬಹುಮುಖತೆಗೂ ಸ್ವಭಾವದಿಂದ ಬಂದ ಬಹುಮುಖತೆಗೂ ವ್ಯತ್ಯಾಸವಿದೆಯೇ ಎಂಬುದಕ್ಕೆ ನನ್ನ ಬಳಿ ಉತ್ತರವಿಲ್ಲ. ಕಂಪ್ಯೂಟರಿನಲ್ಲಿ ಹತ್ತು ಬಗೆಯ ಜೋಡಣೆಗಳೂ ಉಳಿಯುವುದಾದರೆ ಮುಂದಿನ ತಲೆಮಾರಿನ ಸಂಶೋಧಕರಿಗೆ ಬೇಕಾದಷ್ಟು ಸಾಕ್ಷಿ ಸಿಗಬಹುದು. ಹಾರ್ಡ್ ಡಿಸ್ಕುಗಳನ್ನು ಅಳಿಸಿ ಮತ್ತೆ ಮುಂದಿನ ಸಿನಿಮಾಕ್ಕೆ ಬಳಸುವ ಪದ್ಧತಿ ನಿಂತರೆ ಮಾತ್ರ.

ಚೋಮ ಕೊನೆಯ ಸಲ ದುಡಿ ಬಾರಿಸುವ ಆ ದೃಶ್ಯ ಮೊದಲ ಜೋಡಣೆಯಲ್ಲಿ ಎಷ್ಟು ಅಡಿ ಇತ್ತು, ಅದರಲ್ಲಿ ಯಾವ ತುಂಡನ್ನು ಯಾರು ಬೇಡವೆಂದರು, ಯಾರು ಇರಲಿ ಎಂದರು?